ಕೂಸಿನ ಎದೆ ಗೊರಗೊರ ಎಂದಾಗ: ಬ್ರಾಂಕಿಯೋಲೈಟಿಸ್ ಮತ್ತು ಮನೆಯ ನೆಬ್ಯುಲೈಸರ್

ಆಷಾಢದ ಜಡಿಮಳೆ ಹಿಡಿಯಿತೆಂದರೆ ನಮ್ಮ ಮಕ್ಕಳ ವಾರ್ಡಿನಲ್ಲಿ ಎರಡೇ ಸದ್ದು. ಒಂದು ಕೂಸುಗಳ ಗೊರಗೊರ ಉಸಿರು, ಇನ್ನೊಂದು ನೆಬ್ಯುಲೈಸರ್, ಅಂದರೆ ದ್ರವ ಔಷಧವನ್ನು ಹೊಗೆಯಂಥ ಮಂಜಾಗಿಸಿ ಉಸಿರಿನ ಜೊತೆ ಒಳಗೆ ಕಳಿಸುವ ಮಷಿನ್ನಿನ ಮೋಟಾರು ಮಾಡುವ ಗುಂಯ್ ಎನ್ನುವ ಸದ್ದು. ಮಲೆನಾಡಿನ ತಾಲ್ಲೂಕು ಆಸ್ಪತ್ರೆಯೊಂದರಲ್ಲಿ ಹದಿನಾರು ವರ್ಷ ನರ್ಸ್ ಆಗಿ ಈ ಎರಡು ಸದ್ದುಗಳ ನಡುವೆಯೇ ಓಡಾಡಿದ್ದೇನೆ. ಹಾಸಿಗೆ ಪಕ್ಕ ಕೂತ ತಾಯಂದಿರು ಮೊದಲು ಕೇಳುವ ಮಾತು ಹೆಚ್ಚುಕಡಿಮೆ ಒಂದೇ: "ಸಿಸ್ಟರ್, ನಮ್ಮ ಮಗೂಗೆ ಇನ್ನೂ ಮಷಿನ್ ಹಾಕಿಲ್ವಲ್ಲ?"

ಈಗ ಆ ಮಷಿನ್ ಮನೆಗಳಿಗೇ ಬಂದಿದೆ. ನಿಮ್ಮ ಮನೆಯಲ್ಲಿ ಇಲ್ಲದಿದ್ದರೆ ಪಕ್ಕದ ಮನೆಯಲ್ಲಿ ಇರುತ್ತದೆ. ರಾತ್ರಿ ಹನ್ನೊಂದಕ್ಕೆ ನಾಲ್ಕು ತಿಂಗಳ ಕೂಸು ಗೊರಗುಟ್ಟುತ್ತದೆ, ಅಜ್ಜಿಗೆ ಗಾಬರಿಯಾಗುತ್ತದೆ, ಯಾರೋ ಹೋಗಿ ಪಕ್ಕದ ಮನೆಯ ಮಷಿನ್ ತರುತ್ತಾರೆ. ಆ ಮನೆಯ ದೊಡ್ಡ ಹುಡುಗನಿಗೆ ಉಬ್ಬಸ ಬಂದಾಗ ತಂದು ಉಳಿದಿದ್ದ ಔಷಧದ ಪುಟ್ಟ ಟ್ಯೂಬನ್ನೇ ಮುರಿದು ಹಾಕುತ್ತಾರೆ. ಹೊಗೆ ಬರುತ್ತದೆ. ಎಲ್ಲರಿಗೂ ಏನೋ ಮಾಡಿದ ಸಮಾಧಾನ. ಬೆಳಗಾಗುವಷ್ಟರಲ್ಲಿ ಮಗು ಹಾಲು ಬಿಟ್ಟು, ಪಕ್ಕೆ ಎಳೆದುಕೊಂಡು ಉಸಿರಾಡುತ್ತಾ ನಮ್ಮ ಬಾಗಿಲಿಗೆ ಬರುತ್ತದೆ. ಮಷಿನ್ ಅದಕ್ಕೆ ಕೆಡುಕು ಮಾಡಿತು ಎಂದು ನಾನು ಹೇಳುತ್ತಿಲ್ಲ. ಎಲ್ಲರೂ ಮಷಿನ್ ನೋಡುತ್ತಾ ಕೂತರು, ಮಗುವಿನ ಎದೆಯನ್ನು ಯಾರೂ ನೋಡಲಿಲ್ಲ. ನನ್ನ ಸಂಕಟ ಅದು. ಹಾಗಾಗಿ ಈ ಬರಹದಲ್ಲಿ ಎದೆ ನೋಡುವುದು ಮೊದಲು ಬರುತ್ತದೆ, ಮಷಿನ್ ಆಮೇಲೆ.

ಎದೆಯೊಳಗೆ ಏನಾಗಿದೆ

ಬ್ರಾಂಕಿಯೋಲೈಟಿಸ್ ಎರಡು ವರ್ಷದೊಳಗಿನ ಮಕ್ಕಳ ಕಾಯಿಲೆ. ಒಂದು ವರ್ಷ ತುಂಬದವರಲ್ಲಿ ಹೆಚ್ಚು, ಅದರಲ್ಲೂ ಎರಡರಿಂದ ಆರು ತಿಂಗಳ ಕೂಸುಗಳಲ್ಲಿ ಇನ್ನೂ ಹೆಚ್ಚು. ಇದನ್ನು ತರುವುದು ವೈರಸ್. ಅನೇಕ ವೈರಸ್‌ಗಳಿಂದ ಬರಬಹುದಾದರೂ ಮುಖ್ಯವಾದದ್ದು ರೆಸ್ಪಿರೇಟರಿ ಸಿನ್ಸಿಟಿಯಲ್ ವೈರಸ್, ಚಿಕ್ಕದಾಗಿ ಆರ್‌ಎಸ್‌ವಿ. 1956ರಲ್ಲಿ ಅಮೆರಿಕದಲ್ಲಿ ನೆಗಡಿಯಾದ ಚಿಂಪಾಂಜಿಗಳಲ್ಲಿ ಇದನ್ನು ಮೊದಲು ಗುರುತಿಸಿದರು. ಮರುವರ್ಷವೇ ಉಸಿರಾಟದ ತೊಂದರೆಯಿದ್ದ ಮಕ್ಕಳಲ್ಲೂ ಅದೇ ಸಿಕ್ಕಿತು. ಎರಡು ವರ್ಷ ತುಂಬುವುದರೊಳಗೆ ಹೆಚ್ಚುಕಡಿಮೆ ಎಲ್ಲ ಮಕ್ಕಳಿಗೂ ಆರ್‌ಎಸ್‌ವಿ ಒಮ್ಮೆ ತಗುಲಿಯೇ ಇರುತ್ತದೆ. ಬಹಳ ಮಕ್ಕಳಿಗೆ ಬರೀ ನೆಗಡಿಯಾಗಿ ಹೋಗುತ್ತದೆ. ಕೆಲವರಲ್ಲಿ ಮೂಗಿನಿಂದ ಕೆಳಗಿಳಿದು ಶ್ವಾಸಕೋಶದ ತೀರಾ ಸಣ್ಣ ನಾಳಗಳನ್ನು ಹಿಡಿಯುತ್ತದೆ.

ಅಲ್ಲಿ ಆಗುವುದು ಮೂರು ಸಂಗತಿ. ನಾಳದ ಒಳಗೋಡೆ ಊದಿಕೊಳ್ಳುತ್ತದೆ, ಅಂಟು ಸಿಂಬಳ ತುಂಬುತ್ತದೆ, ವೈರಸ್‌ನಿಂದ ಸತ್ತ ಜೀವಕೋಶಗಳು ಕಳಚಿ ಆ ಸಿಂಬಳದಲ್ಲಿ ಸೇರಿಕೊಳ್ಳುತ್ತವೆ. ದೊಡ್ಡವರಿಗೂ ಇದೇ ವೈರಸ್ ಬರುತ್ತದೆ, ಆದರೆ ದೊಡ್ಡವರ ನಾಳ ಅಗಲ. ಕೂಸಿನ ನಾಳ ಕೂದಲೆಳೆಯಷ್ಟೇ ಎನ್ನಿ. ನಾಳದ ಅಗಲ ಅರ್ಧಕ್ಕೆ ಇಳಿದರೆ ಗಾಳಿಗೆ ಆಗುವ ತಡೆ ಎರಡು ಪಟ್ಟಲ್ಲ, ಹದಿನಾರು ಪಟ್ಟು ಏರುತ್ತದೆ. ಸಣ್ಣ ಊತಕ್ಕೇ ಮಗು ಅಷ್ಟೊಂದು ಏದುಸಿರು ಬಿಡುವುದು ಇದಕ್ಕೇ.

ಈಗ ಮಷಿನ್ ವಿಚಾರ. ನಮ್ಮಲ್ಲಿ ಹೆಚ್ಚಾಗಿ ನೆಬ್ಯುಲೈಸರ್‌ಗೆ ಹಾಕುವ ಅಸ್ತಾಲಿನ್, ಲೆವೋಲಿನ್‌ನಂಥ ಔಷಧಗಳಲ್ಲಿ ಇರುವುದು ಸಾಲ್ಬುಟಮಾಲ್ ಅಥವಾ ಅದರ ಹತ್ತಿರದ ಬಂಧು ಲೆವೋಸಾಲ್ಬುಟಮಾಲ್. ಅದರ ಕೆಲಸ ನಾಳದ ಸುತ್ತಲಿನ ಸ್ನಾಯು ಬಿಗಿದುಕೊಂಡಿದ್ದರೆ ಸಡಿಲಿಸುವುದು. ಅಸ್ತಮಾದಲ್ಲಿ ಬಿಗಿದಿರುವುದು ಆ ಸ್ನಾಯು, ಆದ್ದರಿಂದ ಅಲ್ಲಿ ಅದು ಮಂತ್ರ ಹಾಕಿದ ಹಾಗೆ ಕೆಲಸ ಮಾಡುತ್ತದೆ. ಬ್ರಾಂಕಿಯೋಲೈಟಿಸ್‌ನಲ್ಲಿ ನಾಳ ಕಟ್ಟಿರುವುದು ಊತದಿಂದ ಮತ್ತು ಸಿಂಬಳದಿಂದ. ಕೆಸರು ತುಂಬಿದ ಪೈಪಿಗೆ ಹೊರಗಿನಿಂದ ಹಾಕಿದ ಕ್ಲಿಪ್ ಸಡಿಲಿಸಿದರೆ ನೀರು ಹರಿಯುವುದಿಲ್ಲ.

ಇದು ನನ್ನೊಬ್ಬಳ ಅಭಿಪ್ರಾಯವಲ್ಲ. ಅಮೆರಿಕದ ಮಕ್ಕಳ ವೈದ್ಯರ ಅಕಾಡೆಮಿ 2014ರಲ್ಲಿ, ಬ್ರಿಟನ್ನಿನಲ್ಲಿ ಚಿಕಿತ್ಸೆಯ ಮಾರ್ಗಸೂಚಿ ಮಾಡುವ ನೈಸ್ ಸಂಸ್ಥೆ 2015ರಲ್ಲಿ ಹೊರಡಿಸಿದ ಮಾರ್ಗಸೂಚಿಗಳು ಬ್ರಾಂಕಿಯೋಲೈಟಿಸ್‌ಗೆ ಸಾಲ್ಬುಟಮಾಲ್ ಬೇಡ, ಅಡ್ರಿನಲಿನ್ ಬೇಡ, ಸ್ಟೀರಾಯ್ಡ್ ಬೇಡ, ಬ್ಯಾಕ್ಟೀರಿಯಾ ಸೋಂಕೂ ಸೇರಿಕೊಂಡಿರದಿದ್ದರೆ ಆಂಟಿಬಯಾಟಿಕ್ಕೂ ಬೇಡ ಎನ್ನುತ್ತವೆ. ಅನೇಕ ಅಧ್ಯಯನಗಳನ್ನು ಒಟ್ಟು ಮಾಡಿ ನೋಡಿದಾಗಲೂ ಸಾಲ್ಬುಟಮಾಲ್‌ನಿಂದ ರಕ್ತದ ಆಕ್ಸಿಜನ್ ಏರಲಿಲ್ಲ, ಆಸ್ಪತ್ರೆ ಸೇರುವುದು ತಪ್ಪಲಿಲ್ಲ, ಕಾಯಿಲೆಯ ದಿನ ಕಡಿಮೆಯಾಗಲಿಲ್ಲ. ಎದೆ ಡವಗುಟ್ಟುವುದು, ಕೈಕಾಲು ನಡುಗುವುದು, ಮಗು ನಿದ್ದೆ ಮಾಡದೆ ಚಡಪಡಿಸುವುದು ಮಾತ್ರ ಹೆಚ್ಚಾಯಿತು.

ಹಾಗಿದ್ದರೆ ಡಾಕ್ಟರು ಯಾಕೆ ಬರೆದುಕೊಡುತ್ತಾರೆ ಎಂದು ನೀವು ಕೇಳುತ್ತೀರಿ. ಪ್ರಾಮಾಣಿಕವಾದ ಕಾರಣವೊಂದಿದೆ. ಸಣ್ಣ ಮಕ್ಕಳಲ್ಲಿ ಸುಂಯ್ ಎನ್ನುವ ಉಸಿರೆಲ್ಲ ಬ್ರಾಂಕಿಯೋಲೈಟಿಸ್ ಅಲ್ಲ. ಒಂದು ವರ್ಷ ದಾಟಿದ ಮಗು, ಹಿಂದೆಯೂ ಎರಡು ಮೂರು ಸಲ ಹೀಗೆಯೇ ಆಗಿದೆ, ಅಪ್ಪ ಅಮ್ಮನಿಗೆ ಅಸ್ತಮಾ ಇದೆ, ಮೈಮೇಲೆ ತುರಿಕೆಯ ಕಜ್ಜಿಯಿದೆ ಎಂದರೆ ಇದು ಅಸ್ತಮಾದ ದಾರಿಯೂ ಇರಬಹುದು. ಅಂಥ ಮಗುವಿಗೆ ಒಂದು ಸಲ ಕೊಟ್ಟು ನೋಡೋಣ ಎಂದು ವೈದ್ಯರು ಯೋಚಿಸುವುದರಲ್ಲಿ ಅರ್ಥವಿದೆ. ಇನ್ನೊಂದು ಕಾರಣವನ್ನು ಹೇಳಲು ಬೇಸರವಾಗುತ್ತದೆ: ಮಷಿನ್ ಹಾಕದೆ ಕಳಿಸಿದರೆ ಮನೆಯವರು ಇನ್ನೊಂದು ಕ್ಲಿನಿಕ್ಕಿಗೆ ಹೋಗುತ್ತಾರೆ. "ಇದಕ್ಕೆ ಮಷಿನ್ ಬೇಡಮ್ಮ, ಮೂಗು ಚೊಕ್ಕ ಇಡಿ, ಹಾಲು ಕುಡಿಸಿ, ಉಸಿರು ಎಣಿಸಿ" ಎಂದು ಹೇಳುವ ಡಾಕ್ಟರು ನಿಮ್ಮ ಮಗುವಿಗೆ ಏನೂ ಕೊಡಲಿಲ್ಲ ಎಂದುಕೊಳ್ಳಬೇಡಿ. ಸರಿಯಾದ ಚಿಕಿತ್ಸೆಯನ್ನೇ ಕೊಟ್ಟಿದ್ದಾರೆ.

ಮೊದಲು ಕ್ಯಾಲೆಂಡರ್ ಮೇಲೆ ಒಂದು ಗುರುತು

ಮೂಗು ಸೋರಲು ಶುರುವಾದ ದಿನಕ್ಕೆ ಗೋಡೆಯ ಕ್ಯಾಲೆಂಡರಿನಲ್ಲಿ ಸುತ್ತು ಹಾಕಿ. ಸಣ್ಣ ಕೆಲಸ, ಆದರೆ ವೈದ್ಯರು ಮೊದಲು ಕೇಳುವುದೇ "ಎಷ್ಟನೇ ದಿನ?" ಎಂದು. ಮೊದಲ ಒಂದೆರಡು ದಿನ ಬರೀ ನೆಗಡಿ, ಸ್ವಲ್ಪ ಜ್ವರ. ಆಮೇಲೆ ಕೆಮ್ಮು, ಗೊರಗೊರ, ಬಿರುಸು ಉಸಿರು. ಮೂರರಿಂದ ಐದನೇ ದಿನದ ಹೊತ್ತಿಗೆ ಕಾಯಿಲೆ ನೆತ್ತಿಗೇರುತ್ತದೆ. ಅಲ್ಲಿಂದ ಇಳಿಮುಖ. ಎರಡನೇ ದಿನ ನೋಡಿದ ಡಾಕ್ಟರು "ಎದೆ ಚೆನ್ನಾಗಿದೆ" ಎಂದಿದ್ದು ಆ ಹೊತ್ತಿಗೆ ನಿಜವೇ. ನಾಲ್ಕನೇ ದಿನ ಉಸಿರು ಏರಿದರೆ ಮತ್ತೆ ತೋರಿಸಬೇಕು, "ಮೊನ್ನೆ ತಾನೇ ತೋರಿಸಿದ್ದೀವಲ್ಲ" ಎಂದು ಸುಮ್ಮನಿರಬಾರದು.

ಉಸಿರು ಎಣಿಸುವುದು

ಇದನ್ನು ಕಲಿತ ತಾಯಿ ನನ್ನ ಕಣ್ಣಿಗೆ ಅರ್ಧ ಡಾಕ್ಟರು. ಮಗು ಮಲಗಿರುವಾಗ ಅಥವಾ ಸಮಾಧಾನವಾಗಿ ಮಡಿಲಲ್ಲಿರುವಾಗ ಎಣಿಸಿ. ಅಳುವಾಗ, ಹಾಲು ಕುಡಿಯುವಾಗ ಎಣಿಸಿದರೆ ಲೆಕ್ಕ ತಪ್ಪುತ್ತದೆ. ಅಂಗಿ ಮೇಲೆತ್ತಿ ಹೊಟ್ಟೆ, ಪಕ್ಕೆ ಎರಡೂ ಕಾಣುವಂತೆ ಮಾಡಿ. ಮೊಬೈಲಿನಲ್ಲಿ ಒಂದು ನಿಮಿಷದ ಟೈಮರ್ ಇಡಿ. ಹೊಟ್ಟೆ ಮೇಲೇರಿ ಇಳಿದರೆ ಒಂದು. ಅರ್ಧ ನಿಮಿಷ ಎಣಿಸಿ ಎರಡರಿಂದ ಗುಣಿಸಬೇಡಿ. ಕೂಸುಗಳ ಉಸಿರು ಒಮ್ಮೆ ಬೇಗ, ಒಮ್ಮೆ ನಿಧಾನ, ಅದಕ್ಕೇ ಪೂರ್ತಿ ಅರವತ್ತು ಸೆಕೆಂಡ್ ಬೇಕು.

ವಿಶ್ವ ಆರೋಗ್ಯ ಸಂಸ್ಥೆಯ ಲೆಕ್ಕದಲ್ಲಿ ಎರಡು ತಿಂಗಳೊಳಗಿನ ಮಗುವಿಗೆ ನಿಮಿಷಕ್ಕೆ 60 ಅಥವಾ ಅದಕ್ಕಿಂತ ಹೆಚ್ಚು, ಎರಡು ತಿಂಗಳಿಂದ ಒಂದು ವರ್ಷದವರೆಗೆ 50 ಅಥವಾ ಹೆಚ್ಚು, ಒಂದರಿಂದ ಐದು ವರ್ಷಕ್ಕೆ 40 ಅಥವಾ ಹೆಚ್ಚು ಇದ್ದರೆ ಅದು ಬಿರುಸು ಉಸಿರು. ಎರಡು ತಿಂಗಳೊಳಗಿನ ಕೂಸಿಗೆ 60 ದಾಟಿದರೆ ಇನ್ನೊಮ್ಮೆ ಎಣಿಸಿ, ಎರಡನೇ ಸಲವೂ ಅಷ್ಟೇ ಇದ್ದರೆ ತಡಮಾಡದೆ ಹೊರಡಿ.

ಎಣಿಸುತ್ತಲೇ ಪಕ್ಕೆ ನೋಡಿ. ಉಸಿರು ಒಳಗೆಳೆದಾಗ ಪಕ್ಕೆಲುಬಿನ ಕೆಳಗೆ ಗುಳಿ ಬೀಳುತ್ತಿದೆಯೇ? ನಮ್ಮ ಕಡೆ "ಪಕ್ಕೆ ಹಾರ್ತಿದೆ" ಎನ್ನುವುದು ಇದಕ್ಕೇ. ಮೂಗಿನ ಹೊಳ್ಳೆ ಅರಳುತ್ತಿದೆಯೇ? ಪ್ರತಿ ಉಸಿರಿಗೂ ತಲೆ ಅಲ್ಲಾಡುತ್ತಿದೆಯೇ? ಉಸಿರು ಬಿಡುವಾಗ ನರಳಿದಂತೆ "ಹ್ಞೂಂ, ಹ್ಞೂಂ" ಎನ್ನುತ್ತಿದೆಯೇ? ಇವು ಎಣಿಕೆಗಿಂತ ದೊಡ್ಡ ಸುಳಿವುಗಳು. ರಕ್ತದ ಆಕ್ಸಿಜನ್ ಅಳೆಯಲು ದೊಡ್ಡವರ ಬೆರಳಿಗೆ ಹಾಕುವ ಆಕ್ಸಿಮೀಟರನ್ನು ಕೂಸಿನ ಬೆರಳಿಗೆ ಸಿಕ್ಕಿಸಿ ಬಂದ ಸಂಖ್ಯೆಯನ್ನು ನಂಬಬೇಡಿ. ಅದು ಅಷ್ಟು ಸಣ್ಣ ಬೆರಳಿಗಾಗಿ ಮಾಡಿದ್ದಲ್ಲ.

ಮೂಗು

ಸಣ್ಣ ಕೂಸುಗಳು ಉಸಿರಾಡುವುದು ಮುಖ್ಯವಾಗಿ ಮೂಗಿನಿಂದಲೇ. ಮೂಗು ಕಟ್ಟಿದರೆ ಬಾಯಿ ತೆರೆದು ಉಸಿರಾಡುವ ಜಾಣತನ ಅವಕ್ಕೆ ಇನ್ನೂ ಪೂರ್ತಿ ಬಂದಿರುವುದಿಲ್ಲ. ಹಾಲು ಕುಡಿಯುವಾಗಲಂತೂ ಬಾಯಿಗೆ ಬೇರೆ ಕೆಲಸವಿರುತ್ತದೆ. ಎದೆಯಿಂದ ಬರುತ್ತಿದೆ ಎಂದು ನೀವು ಹೆದರಿದ ಗೊರಗೊರದಲ್ಲಿ ಅರ್ಧ ಮೂಗಿನದೇ ಆಗಿರುತ್ತದೆ. ಮೂಗು ತೆಗೆದ ಮೇಲೆ ಸದ್ದು ಇಳಿದಿದ್ದನ್ನು, ಮಗು ಹಾಲಿಗೆ ಬಾಯಿ ಹಾಕಿದ್ದನ್ನು ನಾನು ಲೆಕ್ಕವಿಲ್ಲದಷ್ಟು ಸಲ ಕಂಡಿದ್ದೇನೆ.

ಮೆಡಿಕಲ್ ಶಾಪಿನಲ್ಲಿ ಸಲೈನ್ ಮೂಗಿನ ಹನಿ ಎಂದು ಕೇಳಿ. ಬರೀ ಉಪ್ಪುನೀರಿನದು, 0.9 ಪ್ರತಿಶತದ್ದು. ಮೂಗು ಕಟ್ಟಿದ್ದು ಬಿಡಿಸುವ ಬೇರೆ ಔಷಧದ ಹನಿಗಳೂ ಅದೇ ಅಳತೆಯ ಬಾಟಲಿಯಲ್ಲಿ ಬರುತ್ತವೆ. ಅವನ್ನು ಡಾಕ್ಟರು ಹೇಳದೆ ಕೂಸಿಗೆ ಹಾಕಬಾರದು, ಲೇಬಲ್ ಓದಿಯೇ ಕೊಳ್ಳಿ. ಮಗುವನ್ನು ಮಡಿಲಲ್ಲಿ ಅಂಗಾತ ಮಲಗಿಸಿ, ಒಂದೊಂದು ಹೊಳ್ಳೆಗೆ ಎರಡು ಮೂರು ಹನಿ ಬಿಡಿ. ಒಂದು ನಿಮಿಷ ಕಾದರೆ ಗಟ್ಟಿ ಸಿಂಬಳ ಸಡಿಲವಾಗುತ್ತದೆ. ಆಮೇಲೆ ಮೆತ್ತನೆ ಬಟ್ಟೆಯಿಂದ ಒರೆಸಿ, ಅಥವಾ ರಬ್ಬರ್ ಬುಡ್ಡೆಯಂಥ ಮೂಗು ಎಳೆಯುವ ಪಂಪಿನಿಂದ ತೆಗೆಯಿರಿ. ಬುಡ್ಡೆಯನ್ನು ಹೊರಗೇ ಒತ್ತಿ ಹಿಡಿದು, ತುದಿಯನ್ನು ಹೊಳ್ಳೆಯ ಬಾಯಿಗೆ ತಾಗಿಸಿ, ನಿಧಾನ ಬಿಡಿ. ಒಳಗೆ ತೂರಿಸಬೇಡಿ, ಊತ ಇನ್ನೂ ಹೆಚ್ಚುತ್ತದೆ. ಹಾಲು ಕೊಡುವ ಮುಂಚೆ, ಮಲಗಿಸುವ ಮುಂಚೆ ಮಾಡಿದರೆ ಸಾಕು. ಗಂಟೆಗೊಮ್ಮೆ ಮೂಗು ಎಳೆದು ಕೆಂಪಗೆ ಮಾಡಬೇಡಿ.

ಹಾಲು, ಉಚ್ಚೆ

ನಿಮಿಷಕ್ಕೆ ಅರವತ್ತು ಸಲ ಉಸಿರಾಡುವ ಮಗುವಿಗೆ ಚೀಪಿ ನುಂಗುವುದಕ್ಕೆ ಬಿಡುವೇ ಇರುವುದಿಲ್ಲ. ಒಂದೇ ಸಲಕ್ಕೆ ಹೊಟ್ಟೆ ತುಂಬಿಸಲು ಹೋಗದೆ ಸ್ವಲ್ಪ ಸ್ವಲ್ಪವೇ, ಪದೇ ಪದೇ ಕೊಡಿ. ಎದೆಹಾಲನ್ನು ನಿಲ್ಲಿಸುವ ಮಾತೇ ಇಲ್ಲ. "ತಾಯಿ ಮೊಸರು ತಿಂದಳು, ತಲೆಗೆ ನೀರು ಹಾಕಿಕೊಂಡಳು, ಅದಕ್ಕೇ ಮಗೂಗೆ ಶೀತ" ಎಂದು ಬಾಣಂತಿಯನ್ನು ಬೈಯುವ ಹಿರಿಯರಿಗೆ ಕೈಮುಗಿದು ಹೇಳುತ್ತೇನೆ: ವೈರಸ್ ಬರುವುದು ನೆಗಡಿಯಾದವರ ಕೈಯಿಂದ, ಸೀನಿನಿಂದ. ತಾಯಿಯ ತಟ್ಟೆಯಿಂದ ಅಲ್ಲ. ಹಸಿದ ತಾಯಿ ಕೂಸಿಗೆ ಏನು ಕುಡಿಸಿಯಾಳು?

ದಿನವೂ ಕುಡಿಯುವುದರಲ್ಲಿ ಅರ್ಧದಷ್ಟೂ ಕುಡಿಯುತ್ತಿಲ್ಲ, ಎಂಟು ಗಂಟೆಯಿಂದ ಉಚ್ಚೆ ಹೊಯ್ದಿಲ್ಲ, ಅತ್ತರೂ ಕಣ್ಣೀರಿಲ್ಲ ಎಂದಾದರೆ ಉಸಿರಿನ ಎಣಿಕೆ ಎಷ್ಟೇ ಇರಲಿ, ಡಾಕ್ಟರ ಹತ್ತಿರ ಹೋಗಿ.

ಡಾಕ್ಟರು ನೆಬ್ಯುಲೈಸರ್ ಬರೆದಿದ್ದರೆ

ಚೀಟಿ ಕೈಗೆ ಬಂದಾಗ ಅಲ್ಲೇ ನಿಂತು ಕೇಳಿ: ಇದು ಬರೀ ಸಲೈನೇ, ನಾಳ ಸಡಿಲಿಸುವ ಔಷಧವೇ, ಸ್ಟೀರಾಯ್ಡೇ? ದಿನಕ್ಕೆ ಎಷ್ಟು ಸಲ, ಎಷ್ಟು ದಿನ? ಗುಣ ಕಾಣದಿದ್ದರೆ ನಿಲ್ಲಿಸಬೇಕೇ? ಕೇಳುವುದಕ್ಕೆ ಸಂಕೋಚ ಬೇಡ. ಒಳ್ಳೆಯ ವೈದ್ಯರು ಈ ಪ್ರಶ್ನೆಗೆ ಬೇಸರಪಡುವುದಿಲ್ಲ.

ಔಷಧ ಕೊಳ್ಳುವಾಗ ಹೆಸರಿನ ಜೊತೆ ಸಂಖ್ಯೆಯನ್ನೂ ಓದಿ. ಲೆವೋಲಿನ್ ರೆಸ್ಪ್ಯೂಲ್ (ಒಂದು ಸಲಕ್ಕೆ ಹಾಕುವ ಔಷಧದ ಪುಟ್ಟ ಟ್ಯೂಬ್) 0.31, 0.63, 1.25 ಮಿಲಿಗ್ರಾಂ ಎಂದು ಬೇರೆ ಬೇರೆ ಬಲದಲ್ಲಿ ಸಿಗುತ್ತದೆ. ಬುಡೆಕಾರ್ಟ್ ಕೂಡ 0.25, 0.5, 1 ಎಂದು ಇದೆ. ಟ್ಯೂಬು ನೋಡಲು ಒಂದೇ, ಒಳಗಿನ ಔಷಧ ಎರಡು ಪಟ್ಟು, ನಾಲ್ಕು ಪಟ್ಟು. ಅಣ್ಣನಿಗೆ ತಂದಿದ್ದನ್ನು ತಂಗಿಗೆ ಹಾಕಬಾರದು ಎನ್ನುವುದು ಇದಕ್ಕೇ. ಬುಡೆಕಾರ್ಟ್‌ನಲ್ಲಿರುವುದು ಸ್ಟೀರಾಯ್ಡ್. ಅಸ್ತಮಾದಲ್ಲಿ ಅದಕ್ಕೆ ದೊಡ್ಡ ಜಾಗವಿದೆ, ಬ್ರಾಂಕಿಯೋಲೈಟಿಸ್‌ನಲ್ಲಿ ಇಲ್ಲ. ಚೀಟಿಯಲ್ಲಿ ಅದಿದ್ದರೆ ಯಾಕೆಂದು ಕೇಳಿ ತಿಳಿದುಕೊಳ್ಳಿ.

ಮಷಿನ್ ಹಚ್ಚುವ ಮೊದಲು ಒಂದು ನಿಮಿಷ ಉಸಿರು ಎಣಿಸಿ ಚೀಟಿಯ ಹಿಂದೆ ಬರೆಯಿರಿ. ಇದನ್ನು ದಯವಿಟ್ಟು ಬಿಡಬೇಡಿ, ಯಾಕೆಂದು ಮುಂದೆ ಹೇಳುತ್ತೇನೆ.

ಕೈ ಸೋಪಿನಿಂದ ತೊಳೆಯಿರಿ. ಮಷಿನ್ನನ್ನು ಗಟ್ಟಿಯಾದ, ಸಮತಟ್ಟಾದ ಜಾಗದಲ್ಲಿಡಿ. ಹಾಸಿಗೆ ಮೇಲೆ, ಕಂಬಳಿ ಮೇಲೆ ಇಟ್ಟರೆ ಗಾಳಿ ಎಳೆಯುವ ತೂತು ಮುಚ್ಚಿ ಮೋಟಾರು ಕಾಯುತ್ತದೆ. ಔಷಧದ ಬಟ್ಟಲಿನ ಒಳಗೆ ಸಣ್ಣದೊಂದು ಪ್ಲಾಸ್ಟಿಕ್ ತುಂಡು ಇರುತ್ತದೆ. ತೊಳೆಯುವಾಗ ಕಳೆದುಹೋಗುವುದು ಅದೇ, ಅದಿಲ್ಲದಿದ್ದರೆ ಹೊಗೆಯೇ ಬರುವುದಿಲ್ಲ. ಅದು ಕೂತಿದೆಯೇ ನೋಡಿ, ಔಷಧ ಹಾಕಿ. ಬಟ್ಟಲಿನಲ್ಲಿ ಒಟ್ಟು ಸುಮಾರು 3ರಿಂದ 4 ಮಿಲಿಲೀಟರ್ ಇದ್ದರೆ ಹೊಗೆ ಚೆನ್ನಾಗಿ ಬರುತ್ತದೆ. ಕಡಿಮೆಯಿದ್ದರೆ ಎಷ್ಟು ಸಲೈನ್ ಸೇರಿಸಬೇಕೆಂದು ಡಾಕ್ಟರೋ ನರ್ಸೋ ಹೇಳಿರುತ್ತಾರೆ. ಸೇರಿಸುವುದು 0.9 ಪ್ರತಿಶತದ ಸಲೈನನ್ನೇ. ನಲ್ಲಿ ನೀರು, ಕಾಯಿಸಿ ಆರಿಸಿದ ನೀರು, ಇಂಜೆಕ್ಷನ್ನಿಗೆ ಬೆರೆಸುವ ನೀರು ಯಾವುದೂ ಆಗದು. ಉಪ್ಪಿಲ್ಲದ ನೀರಿನ ಹನಿ ಎದೆಗಿಳಿದರೆ ನಾಳ ಬಿಗಿದುಕೊಳ್ಳುತ್ತದೆ.

ಹಾಲು ಕುಡಿದ ತಕ್ಷಣ ಮಾಡಬೇಡಿ, ವಾಂತಿಯಾಗುತ್ತದೆ. ಮಗುವನ್ನು ಮಡಿಲಲ್ಲಿ ನೆಟ್ಟಗೆ ಕೂರಿಸಿಕೊಳ್ಳಿ, ಬೆನ್ನು ನಿಮ್ಮ ಎದೆಗೆ ಒರಗಿರಲಿ. ಕೂಸಿನ ಅಳತೆಯ ಮಾಸ್ಕ್ ಬೇಕು, ಅದು ಮೂಗು ಬಾಯಿ ಎರಡನ್ನೂ ಮುಚ್ಚಿ ಕೆನ್ನೆಗೆ ಮೆತ್ತಗೆ ಅಂಟಿಕೊಂಡಿರಬೇಕು. ಮಗು ಒದ್ದಾಡುತ್ತದೆಂದು ಮಾಸ್ಕನ್ನು ಮುಖದ ಮುಂದೆ ದೂರ ಹಿಡಿದು ಹೊಗೆ ತೋರಿಸುವವರೇ ಹೆಚ್ಚು. ಒಂದೆರಡು ಬೆರಳಷ್ಟು ದೂರವಾದರೂ ಒಳಗೆ ಹೋಗುವ ಔಷಧ ತೀರಾ ಕಡಿಮೆಯಾಗಿಬಿಡುತ್ತದೆ, ಉಳಿದದ್ದೆಲ್ಲ ಗಾಳಿಗೆ, ಕಣ್ಣಿಗೆ. ಹಾಗೆಂದು ಅದುಮಿ ಹಿಡಿದು ಅಳಿಸುವುದೂ ಪ್ರಯೋಜನವಿಲ್ಲ. ಅತ್ತರೆ ಶ್ವಾಸಕೋಶ ತೆರೆಯುತ್ತದೆ, ಔಷಧ ಚೆನ್ನಾಗಿ ಹೋಗುತ್ತದೆ ಎನ್ನುವ ಮಾತು ನಮ್ಮ ವಾರ್ಡುಗಳಲ್ಲೂ ಇದೆ. ಅದು ತಪ್ಪು. ಅಳುವ ಮಗು ಉದ್ದಕ್ಕೆ ಉಸಿರು ಬಿಡುತ್ತದೆ, ಗಕ್ಕನೆ ಎಳೆಯುತ್ತದೆ. ಔಷಧ ಗಂಟಲಲ್ಲೇ ನಿಂತು ಹೊಟ್ಟೆಗೆ ಹೋಗುತ್ತದೆ. ಮೊದಲು ಮಷಿನ್ ಹಚ್ಚದೆ ಮಾಸ್ಕನ್ನು ಆಟಕ್ಕೆ ಕೊಡಿ. ಹಾಡು ಹೇಳಿ, ತೊಡೆ ಮೇಲೆ ತೂಗಿ. ನಿದ್ದೆ ಹತ್ತಿದಾಗ ಮೆಲ್ಲನೆ ಇಟ್ಟರೆ ಕೆಲವು ಮಕ್ಕಳು ಏಳುವುದೂ ಇಲ್ಲ.

ಬಟ್ಟಲು ನೆಟ್ಟಗಿರಲಿ. ಎಂಟು ಹತ್ತು ನಿಮಿಷಕ್ಕೆ ಹೊಗೆ ತಡೆತಡೆದು ಬರಲು ಶುರುವಾಗುತ್ತದೆ. ಬೆರಳಿನಿಂದ ಬಟ್ಟಲನ್ನು ಒಂದೆರಡು ಸಲ ತಟ್ಟಿ, ಮತ್ತೆ ತಡೆದರೆ ನಿಲ್ಲಿಸಿ. ತಳದಲ್ಲಿ ಸ್ವಲ್ಪ ಉಳಿಯುವುದು ಸಹಜ, ಅದನ್ನು ಚೆಲ್ಲಿಬಿಡಿ, ಮುಂದಿನ ಸಲಕ್ಕೆ ಇಡಬೇಡಿ. ನಡುವೆ ಮಗು ನೀಲಿಗಟ್ಟಿದರೆ, ಉಸಿರು ಇನ್ನೂ ಕಷ್ಟವಾದರೆ, ಮಂಕಾದರೆ ಮಷಿನ್ ಆರಿಸಿ ಆಸ್ಪತ್ರೆಗೆ ಹೊರಡಿ, ಔಷಧ ಮುಗಿಯಲಿ ಎಂದು ಕಾಯಬೇಡಿ. ಸ್ಟೀರಾಯ್ಡ್ ಆಗಿದ್ದರೆ ಮುಗಿದ ಮೇಲೆ ಮುಖವನ್ನು ಒದ್ದೆ ಬಟ್ಟೆಯಿಂದ ಒರೆಸಿ, ಒಂದೆರಡು ಗುಟುಕು ಹಾಲು ಕೊಡಿ.

ಇಪ್ಪತ್ತು ನಿಮಿಷ ಬಿಟ್ಟು ಮತ್ತೆ ಉಸಿರು ಎಣಿಸಿ. ಮೊದಲು 58 ಇದ್ದದ್ದು 44 ಆಯಿತೇ, ಪಕ್ಕೆ ಎಳೆಯುವುದು ಕಡಿಮೆಯಾಯಿತೇ, ಹಾಲಿಗೆ ಬಾಯಿ ಹಾಕಿತೇ? ಒಳ್ಳೆಯದು, ಆ ಎರಡು ಸಂಖ್ಯೆಯನ್ನು ಡಾಕ್ಟರಿಗೆ ತೋರಿಸಿ. 58 ಇದ್ದದ್ದು 58ರಲ್ಲೇ ಉಳಿಯಿತು, ಮಗು ನಡುಗುತ್ತಿದೆ, ಎದೆ ಡವಗುಟ್ಟುತ್ತಿದೆ ಎಂದಾದರೆ ಅದನ್ನೂ ತೋರಿಸಿ. ಈ ಔಷಧ ಈ ಮಗುವಿಗೆ ಬೇಡ ಎಂದು ನಿರ್ಧರಿಸಲು ಆ ಸಂಖ್ಯೆಗಳೇ ಸಾಕ್ಷಿ. ಎರಡು ಸಲ ಎಣಿಸಿ ಬರೆದುಕೊಂಡು ಬಂದ ತಂದೆಯೊಬ್ಬರ ಚೀಟಿ ನೋಡಿ ನಮ್ಮ ಡಾಕ್ಟರು ಐದು ದಿನದ ನೆಬ್ಯುಲೈಸೇಷನ್ನನ್ನು ಅಲ್ಲೇ ಹೊಡೆದುಹಾಕಿದರು. ಮಗು ಮೂಗಿನ ಹನಿಯಲ್ಲೇ ವಾಸಿಯಾಯಿತು. ಮಷಿನ್ ಹಾಕಿದರೂ ಬಿರುಸು ಉಸಿರು ಇಳಿಯಲಿಲ್ಲವೆಂದು ಮನೆಯಲ್ಲೇ ಗಂಟೆಗೊಮ್ಮೆ ಮತ್ತೆ ಮತ್ತೆ ಹಾಕುವುದು ಮಾತ್ರ ಬೇಡವೇ ಬೇಡ. ಆಗ ಹೊರಡಬೇಕಾದದ್ದು ಆಸ್ಪತ್ರೆಗೆ.

3 ಪ್ರತಿಶತ ಉಪ್ಪುನೀರಿನ ನೆಬ್ಯುಲೈಸೇಷನ್ ಬಗ್ಗೆಯೂ ಕೇಳಿರುತ್ತೀರಿ. ಗಟ್ಟಿ ಉಪ್ಪುನೀರು ಊದಿದ ಗೋಡೆಯಿಂದ ನೀರೆಳೆದು ಸಿಂಬಳ ತೆಳುವಾಗಿಸುತ್ತದೆ ಎಂಬ ಲೆಕ್ಕ. ಆಸ್ಪತ್ರೆಯಲ್ಲಿ ದಾಖಲಾದ ಮಕ್ಕಳಿಗೆ ಕೊಡಬಹುದು ಎಂದು ಅಮೆರಿಕದವರು ಹೇಳಿದರೆ, ಬ್ರಿಟನ್ನಿನವರು ಅದೂ ಬೇಡ ಎಂದಿದ್ದಾರೆ. ಕೆಲವು ಮಕ್ಕಳಲ್ಲಿ ಅದರಿಂದ ಕೆಮ್ಮು, ನಾಳದ ಬಿಗಿತ ಜಾಸ್ತಿಯಾಗುವುದರಿಂದ ಅದು ನಮ್ಮ ಕಣ್ಣೆದುರಿನ ಕೆಲಸ, ಮನೆಯದಲ್ಲ.

ತೊಳೆಯುವುದು

ಒದ್ದೆ ಬಟ್ಟಲು ಬ್ಯಾಕ್ಟೀರಿಯಾಕ್ಕೆ ತೊಟ್ಟಿಲು. ಪ್ರತಿ ಸಲ ಮುಗಿದ ಮೇಲೆ ಬಟ್ಟಲು, ಮಾಸ್ಕ್ ಬಿಡಿಸಿ ಕಾಯಿಸಿ ಆರಿಸಿದ ನೀರಲ್ಲಿ ಜಾಲಿಸಿ, ನೀರು ಕೊಡವಿ, ಚೊಕ್ಕ ಬಟ್ಟೆಯ ಮೇಲೆ ಗಾಳಿಗೆ ಒಣಗಲು ಬಿಡಿ. ದಿನಕ್ಕೊಮ್ಮೆ ಸೋಪುನೀರಲ್ಲಿ ತೊಳೆಯಿರಿ. ಕುದಿಸಬಹುದೇ ಎಂಬುದು ಕಂಪನಿಯ ಪುಸ್ತಕದಲ್ಲಿರುತ್ತದೆ, ಕುದಿಸಬಹುದೆಂದರೆ ಐದು ನಿಮಿಷ ಕುದಿಸಿ. ಗಾಳಿ ಪೈಪಿಗೆ ನೀರು ತಾಗಿಸಬೇಡಿ. ಮಾಸ್ಕ್, ಬಟ್ಟಲು ಒಂದು ಮಗುವಿಗೆ ಒಂದೇ. ಪಕ್ಕದ ಮನೆಯಿಂದ ಮಷಿನ್ ತಂದರೂ ಇವೆರಡನ್ನು ಹೊಸದಾಗಿ ಕೊಳ್ಳಿ.

ಮಷಿನ್ನಿಗೂ ಮಗುವಿಗೂ ಹಾಕಬಾರದ್ದು

ನೀಲಗಿರಿ ಎಣ್ಣೆ, ವಿಕ್ಸ್, ತುಳಸಿ ರಸ, ಕೆಮ್ಮಿನ ಸಿರಪ್ ಯಾವುದನ್ನೂ ನೆಬ್ಯುಲೈಸರ್ ಬಟ್ಟಲಿಗೆ ಹಾಕಬೇಡಿ. ಹಾಕಿದವರನ್ನು ಕಂಡಿದ್ದರಿಂದ ಹೇಳುತ್ತಿದ್ದೇನೆ. ಎಣ್ಣೆಯ ಹನಿ ಶ್ವಾಸಕೋಶಕ್ಕಿಳಿದರೆ ಅಲ್ಲೇ ಕೂತು ಬೇರೆಯದೇ ನ್ಯುಮೋನಿಯಾ ಮಾಡುತ್ತದೆ. ಸ್ನಾನ ಮಾಡಿಸುವಾಗ ಮೂಗಿಗೆ ಎಣ್ಣೆ ಬಿಡುವುದೂ ಇದೇ ಕಾರಣಕ್ಕೆ ಬೇಡ. ವಿಕ್ಸ್ ಎರಡು ವರ್ಷದೊಳಗಿನವರಿಗೆ ಅಲ್ಲವೇ ಅಲ್ಲ. ಅದರಲ್ಲಿರುವ ಕರ್ಪೂರ ಸಣ್ಣ ಮಕ್ಕಳಿಗೆ ಫಿಟ್ಸ್ ತರಬಲ್ಲದು, ಎಣ್ಣೆಯಲ್ಲಿ ಕರ್ಪೂರ ಕಾಯಿಸಿ ಎದೆಗೆ ಹಚ್ಚುವುದಕ್ಕೂ ಅದೇ ಮಾತು. ವರ್ಷ ತುಂಬದ ಮಗುವಿಗೆ ಜೇನುತುಪ್ಪ ನೆಕ್ಕಿಸಬಾರದು. ಬಿಸಿನೀರಿನ ಪಾತ್ರೆ ಮುಂದೆ ಹಿಡಿದು ಆವಿ ಕೊಡಲು ಹೋಗಿ ಸುಟ್ಟುಕೊಂಡ ಕೂಸುಗಳು ನಮ್ಮಲ್ಲಿಗೆ ಬಂದಿವೆ. ಸಾಂಬ್ರಾಣಿ ಹೊಗೆ, ಸೊಳ್ಳೆಬತ್ತಿ, ಬೀಡಿ, ಒಲೆಯ ಹೊಗೆ ಈ ಎದೆಗೆ ಹೊಸ ಗಾಯ. ಕೆಮ್ಮು ನೆಗಡಿಯ ಸಿರಪ್‌ಗಳನ್ನು ಎರಡು ವರ್ಷದೊಳಗಿನ ಮಕ್ಕಳಿಗೆ ಬರೆಯಲೂಬಾರದು, ಕೊಡಲೂಬಾರದು ಎಂದು ಕೇಂದ್ರ ಆರೋಗ್ಯ ಸೇವೆಗಳ ಮಹಾನಿರ್ದೇಶನಾಲಯ 2025ರ ಅಕ್ಟೋಬರಿನಲ್ಲಿ ಸೂಚಿಸಿದೆ.

ಇನ್ನೊಂದು ಮಾತು, ಬರೆಯುವಾಗ ಕೈ ತಡೆಯುತ್ತದೆ. ಪಕ್ಕೆ ಹಾರುವ ಕೂಸಿನ ಹೊಟ್ಟೆಗೆ ಕಾಯಿಸಿದ ಬಳೆಯಿಂದಲೋ ಸೂಜಿಯಿಂದಲೋ ಬರೆ ಎಳೆಯುವ ಪದ್ಧತಿ ಕೆಲವು ಕಡೆ ಇನ್ನೂ ಹೋಗಿಲ್ಲ. ಬರೆಯ ನೋವಿಗೆ ಮಗು ಸುಸ್ತಾಗಿ ಅಳು ನಿಲ್ಲಿಸುತ್ತದೆ, ಗುಣವಾಯಿತು ಎಂದುಕೊಳ್ಳುತ್ತಾರೆ. ದಯವಿಟ್ಟು ಯಾರಾದರೂ ಆ ಮಾತೆತ್ತಿದರೆ ಮಗುವನ್ನು ಎತ್ತಿಕೊಂಡು ಆಸ್ಪತ್ರೆಗೆ ಬಂದುಬಿಡಿ.

ಯಾವಾಗ ಹೊರಡಬೇಕು

ತುಟಿ, ನಾಲಿಗೆ ನೀಲಿ. ಉಸಿರು ನಡುನಡುವೆ ನಿಂತುಹೋಗುವುದು. ನರಳುವ ಉಸಿರು. ನಿಮಿಷಕ್ಕೆ 70 ದಾಟಿದ ಉಸಿರು. ಆಳವಾಗಿ ಪಕ್ಕೆ ಎಳೆತ. ಎಬ್ಬಿಸಿದರೂ ಏಳದ ಮಂಪರು. ಫಿಟ್ಸ್. ಏನನ್ನೂ ಕುಡಿಯದಿರುವುದು, ಕುಡಿದದ್ದೆಲ್ಲ ವಾಂತಿ. ಇವುಗಳಲ್ಲಿ ಒಂದಿದ್ದರೂ 108ಕ್ಕೆ ಕರೆ ಮಾಡಿ, ಅಥವಾ ಸಿಕ್ಕ ಗಾಡಿ ಹತ್ತಿ. ಆ ಹೊತ್ತಲ್ಲಿ ಮನೆಯಲ್ಲಿ ಒಂದು ಸಲ ಮಷಿನ್ ಹಾಕಿ ನೋಡೋಣ ಎಂದು ಹತ್ತು ನಿಮಿಷ ಕಳೆಯಬೇಡಿ. ಆ ಮಗುವಿಗೆ ಬೇಕಾದ ಔಷಧ ಆಕ್ಸಿಜನ್, ಮನೆಯ ಮಷಿನ್ ಊದುವುದು ಬರೀ ಕೋಣೆಯ ಗಾಳಿ. ದಾರಿಯಲ್ಲಿ ಮಗುವನ್ನು ಬಿಗಿಯಾಗಿ ಸುತ್ತಬೇಡಿ, ಎದೆ ಕಾಣುವಂತೆ ನೆಟ್ಟಗೆ ಹಿಡಿದುಕೊಳ್ಳಿ.

ಕೆಲವು ಕೂಸುಗಳ ವಿಷಯದಲ್ಲಿ ಇಷ್ಟು ಕಾಯುವುದೂ ಬೇಡ. ದಿನ ತುಂಬುವ ಮುಂಚೆ ಹುಟ್ಟಿದ್ದು, ಮೂರು ತಿಂಗಳು ತುಂಬದ್ದು, ಹೃದಯದಲ್ಲಿ ತೊಂದರೆ ಇರುವುದು, ಡೌನ್ ಸಿಂಡ್ರೋಮ್ ಇರುವುದು, ಹುಟ್ಟಿದಾಗ ಬಹಳ ದಿನ ಆಕ್ಸಿಜನ್ ಮೇಲಿದ್ದದ್ದು ಇವಕ್ಕೆ ಉಸಿರು ಬಿರುಸಾಗುವ ಮೊದಲೇ ತೋರಿಸಿ. ತೀರಾ ಎಳೆಯ ಕೂಸುಗಳಲ್ಲಿ ಕೆಮ್ಮು ಗೊರಗೊರ ಏನೂ ಇಲ್ಲದೆ ಉಸಿರು ನಿಲ್ಲುವುದೇ ಮೊದಲ ಲಕ್ಷಣವಾಗಿರಬಹುದು. ಮೂರು ತಿಂಗಳೊಳಗಿನ ಮಗುವಿಗೆ ಜ್ವರ 100.4 ಡಿಗ್ರಿ ಮುಟ್ಟಿದರೆ ಬೇರೇನೂ ಇಲ್ಲದಿದ್ದರೂ ತೋರಿಸಲೇಬೇಕು.

ಆಸ್ಪತ್ರೆಯಲ್ಲಿ ನಾವು ಮಾಡುವುದು ನೋಡಲು ಸಾದಾ ಕೆಲಸ. ಮೂಗು ತೆಗೆಯುತ್ತೇವೆ, ಆಕ್ಸಿಜನ್ ಕೊಡುತ್ತೇವೆ. ಕುಡಿಯಲಾಗದಿದ್ದರೆ ಮೂಗಿನ ನಳಿಕೆಯಿಂದ ಹಾಲು ಅಥವಾ ಡ್ರಿಪ್. ಸಾಲದಿದ್ದರೆ ಬಿಸಿ ಮಾಡಿದ ಗಾಳಿಯನ್ನು ರಭಸವಾಗಿ ಮೂಗಿಗೆ ಹಾಯಿಸುವ ಯಂತ್ರ, ಅದೂ ಸಾಲದಿದ್ದರೆ ಸಿಪ್ಯಾಪ್, ಅಂದರೆ ನಾಳ ಮುಚ್ಚಿಕೊಳ್ಳದಂತೆ ಗಾಳಿಯ ಒತ್ತಡವನ್ನು ಸದಾ ಹಿಡಿದಿಡುವ ಯಂತ್ರ. ನಳಿಕೆ ಕಂಡು ಹೆದರಬೇಡಿ, ಅದು ಕೂಸು ದಣಿಯದಂತೆ ಹೊಟ್ಟೆ ತುಂಬಿಸುವ ದಾರಿ ಅಷ್ಟೇ.

ಮನೆಗೆ ಹೋದ ಮೇಲೆ

ಉಸಿರು ಸರಿಹೋದರೂ ಕೆಮ್ಮು ಎರಡು ಮೂರು ವಾರ ಎಳೆಯುತ್ತದೆ. ಕಳಚಿದ ಒಳಗೋಡೆ ಹೊಸದಾಗಿ ಬೆಳೆಯಲು ಅಷ್ಟು ಸಮಯ ಬೇಕು. ಮಗು ಆಡುತ್ತಿದೆ, ಕುಡಿಯುತ್ತಿದೆ, ಎಣಿಸಿದರೆ ಅದರ ವಯಸ್ಸಿನ ಬಿರುಸು ಉಸಿರಿನ ಲೆಕ್ಕಕ್ಕಿಂತ ಕಡಿಮೆ ಇದೆ ಎಂದರೆ ಆ ಕೆಮ್ಮಿಗೆ ದಿನಕ್ಕೆ ಮೂರು ಸಲ ಮಷಿನ್ ಬೇಡ. ಮೂರು ವಾರ ದಾಟಿದ ಕೆಮ್ಮು, ಮತ್ತೆ ಬಂದ ಜ್ವರ, ತಿಂಗಳು ತಿಂಗಳೂ ಮರುಕಳಿಸುವ ಸುಂಯ್ ಉಸಿರು ಇವನ್ನು ತೋರಿಸಿ. ಕೊನೆಯದು ಅಸ್ತಮಾದ ಕಡೆಗಿನ ದಾರಿ ಇದ್ದರೂ ಇರಬಹುದು, ಆಗ ಸ್ಪೇಸರ್ (ಇನ್ಹೇಲರಿಗೂ ಮಾಸ್ಕಿಗೂ ನಡುವೆ ಸಿಕ್ಕಿಸುವ ಪ್ಲಾಸ್ಟಿಕ್ ಕೊಳವೆ) ಹಾಕಿದ ಇನ್ಹೇಲರ್ ನೆಬ್ಯುಲೈಸರ್‌ನಷ್ಟೇ ಚೆನ್ನಾಗಿ ಕೆಲಸ ಮಾಡುತ್ತದೆ, ಕರೆಂಟೂ ಬೇಕಿಲ್ಲ. ಮಳೆಗಾಲದಲ್ಲಿ ದಿನಗಟ್ಟಲೆ ಕರೆಂಟ್ ಹೋಗುವ ನಮ್ಮೂರುಗಳಲ್ಲಿ ಅದು ದೊಡ್ಡ ಅನುಕೂಲ.

ಮನೆಯಲ್ಲಿ ಇನ್ನೊಂದು ಕೂಸಿದ್ದರೆ ಅದನ್ನು ಕಾಯಿರಿ. ಈ ವೈರಸ್ ತೊಟ್ಟಿಲ ಅಂಚಿನ ಮೇಲೆ, ಆಟದ ಸಾಮಾನಿನ ಮೇಲೆ ಹಲವು ಗಂಟೆ ಬದುಕಿರುತ್ತದೆ. ಸ್ಕೂಲಿನಿಂದ ಬಂದ ಅಕ್ಕ ಅಣ್ಣ ಕೈ ತೊಳೆದೇ ಪಾಪುವನ್ನು ಮುಟ್ಟಲಿ. ನೆಗಡಿಯಾದ ನೆಂಟರು ಬಾಣಂತಿ ನೋಡಲು ಬಂದರೆ "ಇನ್ನೊಂದು ವಾರ ಬಿಟ್ಟು ಬನ್ನಿ" ಎಂದು ಹೇಳಿ, ಅವರು ಮುನಿಸಿಕೊಂಡರೆ ಮುನಿಸಿಕೊಳ್ಳಲಿ. ಇನ್ನು ಪಕ್ಕದ ಮನೆಯವರು ರಾತ್ರಿ ನಿಮ್ಮ ಮಷಿನ್ ಕೇಳಿಕೊಂಡು ಬಂದರೆ, ಕೊಡುವ ಮುಂಚೆ ಅವರ ಜೊತೆ ಹೋಗಿ ಆ ಮಗುವಿನ ಅಂಗಿ ಮೇಲೆತ್ತಿ ಒಂದು ನಿಮಿಷ ಎಣಿಸಿ.